ಕತ್ತರಿ ಮತ್ತು ನೆರಳು

ಬೆಳ್ಳಿತೆರೆಯ ಮೇಲೆ ಕುದುರೆಯೊಂದು ನಾಗಾಲೋಟದಿಂದ ಓಡುತ್ತದೆ. ನಾವು ಬೆರಗಾಗಿ ನೋಡುತ್ತೇವೆ. ನಿಜವಾಗಿ ನೋಡಿದರೆ ಆ ತೆರೆಯ ಮೇಲೆ ಓಡುವಂಥದು ಯಾವುದೂ ಇರುವುದಿಲ್ಲ. ಒಂದಕ್ಕಿಂತ ಒಂದು ಕೂದಲೆಳೆಯಷ್ಟು ಬೇರೆಯಾಗಿರುವ ನಿಶ್ಚಲ ಚಿತ್ರಗಳು ಸೆಕೆಂಡಿಗೆ 24ರಂತೆ ನಮ್ಮ ಕಣ್ಣ ಮುಂದೆ ಹಾದುಹೋಗುತ್ತವೆ. ಕಣ್ಣೂ ಮೆದುಳೂ ಕೂಡಿ ಅವನ್ನು ಅಖಂಡವಾದ ಒಂದು ಚಲನೆಯಾಗಿ ಗ್ರಹಿಸುತ್ತವೆ. ಜೀವಂತ ಕುದುರೆಯನ್ನು ಚಿತ್ರೀಕರಿಸುವಾಗ ಈ ಬಿಡಿಚಿತ್ರಗಳನ್ನು ಸೆರೆಹಿಡಿಯುವ ಹೊಣೆ ಕ್ಯಾಮೆರಾದ್ದು. ಕುದುರೆಯೇ ಇಲ್ಲದಿದ್ದರೆ? ಆಗ ಪ್ರತಿಯೊಂದು ಬಿಡಿಚಿತ್ರವನ್ನೂ ಮನುಷ್ಯನ ಕೈಯೇ ಸಿದ್ಧಪಡಿಸಬೇಕು. ಕಾಗದದ ಕುದುರೆಯ ಕಾಲನ್ನು ಒಂದಿಷ್ಟು ಸರಿಸಬೇಕು, ಒಂದು ಚಿತ್ರ ತೆಗೆಯಬೇಕು. ಮತ್ತೆ ಒಂದಿಷ್ಟು ಸರಿಸಬೇಕು, ಮತ್ತೊಂದು ಚಿತ್ರ ತೆಗೆಯಬೇಕು. ಪ್ರೇಕ್ಷಕನು ಒಮ್ಮೆ ಉಸಿರೆಳೆದುಕೊಳ್ಳುವಷ್ಟರಲ್ಲಿ ಮುಗಿದುಹೋಗುವ ದೃಶ್ಯಕ್ಕೆ ಒಂದು ಇಡೀ ದಿನದ ದುಡಿಮೆ ಬೇಕಾದೀತು. ಜಡವಸ್ತುವಿಗೆ ಹೀಗೆ ಚಲನೆಯನ್ನು ನೀಡುವ ಕಲೆಗೆ ಅನಿಮೇಷನ್ ಎಂದು ಹೆಸರು.

ಈ ಕಲೆಯ ಮಾತು ಬಂದೊಡನೆ ಅಮೆರಿಕದ ವಾಲ್ಟ್ ಡಿಸ್ನಿಯ ಹೆಸರು ಎಲ್ಲರ ನಾಲಗೆಯ ಮೇಲೂ ಬರುವುದು ಸಹಜ. ಆತನ ಸಂಸ್ಥೆ ‘ಸ್ನೋ ವೈಟ್’ ಎಂಬ ದೀರ್ಘ ಚಿತ್ರವನ್ನು ತೆರೆಗೆ ತಂದದ್ದು 1937ರಲ್ಲಿ. ಇಂಥ ದೀರ್ಘ ಚಿತ್ರಗಳಲ್ಲಿ ಇದೇ ಮೊದಲನೆಯದೆಂದು ಇಂದಿಗೂ ಅನೇಕರು ನಂಬಿದ್ದಾರೆ. ಅದು ಸರಿಯಲ್ಲ. ಅದಕ್ಕೂ ಹನ್ನೊಂದು ವರ್ಷಗಳ ಮೊದಲೇ, 1926ರಲ್ಲಿ, ಜರ್ಮನಿಯ ಬರ್ಲಿನ್ ನಗರದಲ್ಲಿ ‘ರಾಜಕುಮಾರ ಅಖ್ಮೆದನ ಸಾಹಸಗಳು’ ಎಂಬ ಚಿತ್ರ ಪ್ರದರ್ಶನಗೊಂಡಿತ್ತು. ಅದರ ಅವಧಿ ಒಂದು ಗಂಟೆಗೂ ಹೆಚ್ಚು. ಅದರ ಕಥೆಯನ್ನು ಹೆಣೆದು, ಪಾತ್ರಗಳನ್ನು ಕತ್ತರಿಸಿ, ಅವನ್ನು ನಡೆಸಿ, ಇಡೀ ಚಿತ್ರವನ್ನು ನಿರ್ದೇಶಿಸಿದವರು ಲೋಟೆ ರೈನಿಗರ್ ಎಂಬ ಮಹಿಳೆ. ಕೆಲಸ ಕೈಗೆತ್ತಿಕೊಂಡಾಗ ಆಕೆಗೆ ಇಪ್ಪತ್ತನಾಲ್ಕು ವರ್ಷ, ಮುಗಿದಾಗ ಇಪ್ಪತ್ತಾರು. ಅರ್ಜೆಂಟೀನಾ ದೇಶದ ಕ್ವಿರಿನೋ ಕ್ರಿಸ್ಟಿಯಾನಿ ಎಂಬಾತ 1917ರಲ್ಲಿಯೇ ಇಂಥದೊಂದು ದೀರ್ಘ ಚಿತ್ರವನ್ನು ಮಾಡಿದ್ದನಾದರೂ ಅದರ ಪ್ರತಿಗಳು ಉಳಿದುಬಂದಿಲ್ಲ. ಆದುದರಿಂದ ಇಂದು ನಾವು ಕಣ್ಣಾರೆ ಕಾಣಬಹುದಾದ ದೀರ್ಘ ಅನಿಮೇಷನ್ ಚಿತ್ರಗಳಲ್ಲಿ ಅತ್ಯಂತ ಹಳೆಯದು ರೈನಿಗರ್ ಅವರದೇ.

ಲೋಟೆ ರೈನಿಗರ್ ಹುಟ್ಟಿದ್ದು 1899ರ ಜೂನ್ 2ರಂದು, ಬರ್ಲಿನ್ನಿನ ಷಾರ್ಲಾಟನ್‌ಬುರ್ಗ್ ಎಂಬಲ್ಲಿ. ಕಪ್ಪು ಕಾಗದವನ್ನು ಕತ್ತರಿಸಿ ಮನುಷ್ಯರ, ಪ್ರಾಣಿಗಳ ಆಕೃತಿಗಳನ್ನು ಮಾಡುವ ಕಲೆ ಯುರೋಪಿನ ಮನೆಗಳಲ್ಲಿ ಬಹುಕಾಲದಿಂದ ಬಳಕೆಯಲ್ಲಿತ್ತು. ಕಣ್ಣು, ಮೂಗು, ಬಟ್ಟೆಯ ಬಣ್ಣ ಯಾವುದೂ ಇಲ್ಲದೆ ಬರಿಯ ಹೊರಗೆರೆಯಿಂದಲೇ ಗುರುತು ಹಿಡಿಸುವ ಇಂಥ ಆಕೃತಿಗೆ ಛಾಯಾಕೃತಿ ಎನ್ನಬಹುದು. ಬಾಲಕಿ ಲೋಟೆಗೆ ಈ ವಿದ್ಯೆ ಆಟದಷ್ಟು ಸುಲಭವಾಗಿ ಒಲಿಯಿತು. ಪೆನ್ಸಿಲಿನಿಂದ ಗೆರೆ ಬರೆದುಕೊಳ್ಳುವ ಅಗತ್ಯವೇ ಅವಳಿಗೆ ಇರಲಿಲ್ಲ. ಬಲಗೈಯ ಕತ್ತರಿಯನ್ನು ಹೆಚ್ಚು ಅಲುಗಿಸದೆ, ಎಡಗೈಯ ಕಾಗದವನ್ನೇ ಕತ್ತರಿಯ ಬಾಯಿಗೆ ತಿರುಗಿಸುತ್ತ ತಿರುಗಿಸುತ್ತ ಅವಳು ಆಕೃತಿಗಳನ್ನು ಬಿಡಿಸುತ್ತಿದ್ದಳು. ಮನೆಯಲ್ಲಿಯೇ ಪುಟ್ಟದೊಂದು ನೆರಳಿನ ರಂಗವನ್ನು ಕಟ್ಟಿಕೊಂಡು ಬಂಧುಮಿತ್ರರಿಗೆ ಆಟ ಆಡಿ ತೋರಿಸುತ್ತಿದ್ದಳು.

ನೆರಳಿನ ಆಟ ಎಂದೊಡನೆ ನಮ್ಮ ನಾಡಿನ ತೊಗಲುಗೊಂಬೆಯಾಟ ನೆನಪಿಗೆ ಬರುತ್ತದೆ. ಎರಡೂ ಒಂದೇ ಕುಲದವು. ಬೆಳಕಿಗೂ ನೋಡುಗನಿಗೂ ನಡುವೆ ಗೊಂಬೆ ಬರುವುದೇ ಈ ಎಲ್ಲ ಆಟಗಳ ಮೂಲತತ್ತ್ವ. ಆದರೆ ಭೇದವೂ ಉಂಟು. ನಮ್ಮ ಗೊಂಬೆಯ ತೊಗಲನ್ನು ಬೆಳಕು ತೂರಿಬರುವಂತೆ ಹದಗೊಳಿಸಿ ಬಣ್ಣ ಹಾಕಿರುತ್ತಾರೆ. ಆದುದರಿಂದ ಪರದೆಯ ಮೇಲೆ ರಾಮನ ಹಸುರೂ ಆಂಜನೇಯನ ಕೆಂಪೂ ಮೂಡುತ್ತವೆ. ರೈನಿಗರ್ ಅವರ ಗೊಂಬೆ ಬೆಳಕನ್ನು ಪೂರ್ತಿಯಾಗಿ ತಡೆಯುವ ಕಪ್ಪು. ನಮ್ಮ ಕಲಾವಿದನು ಪರದೆಯ ಹಿಂದೆ ಕುಳಿತು ಹಾಡುತ್ತ, ಮಾತಾಡುತ್ತ ಗೊಂಬೆಯನ್ನು ಕುಣಿಸುತ್ತಾನೆ. ಆಟ ಅಲ್ಲಿಯೇ ಹುಟ್ಟಿ ಅಲ್ಲಿಯೇ ಮುಗಿಯುತ್ತದೆ. ಆ ನೆರಳನ್ನು ಫಿಲ್ಮಿನ ಮೇಲೆ ನಿಲ್ಲಿಸಿ, ಕಲಾವಿದೆ ಇಲ್ಲದೆಡೆಯಲ್ಲಿಯೂ ಅದು ತಾನಾಗಿ ಆಡುವಂತೆ ಮಾಡಿದುದು ರೈನಿಗರ್ ಅವರ ಸಾಧನೆ. ಏಷ್ಯಾ ಖಂಡದ ನೆರಳಾಟಗಳ ವಿಷಯದಲ್ಲಿ ಆಕೆಗೆ ಆಳವಾದ ಗೌರವವಿತ್ತು. ನೆರಳಾಟದ ಪರಂಪರೆಯನ್ನೂ ತಮ್ಮ ಚಿತ್ರಗಳ ವಿಧಾನವನ್ನೂ ಕುರಿತು 1970ರಲ್ಲಿ ಆಕೆ ಒಂದು ಗ್ರಂಥವನ್ನೇ ಬರೆದರು.

ಹದಿನೈದು ಹದಿನಾರರ ವಯಸ್ಸಿನಲ್ಲಿ ಆ ಹುಡುಗಿ ಪಾಲ್ ವೆಗೆನರ್ ಎಂಬ ನಟ ಹಾಗೂ ನಿರ್ದೇಶಕನ ಉಪನ್ಯಾಸವನ್ನು ಕೇಳಿದಳು. ನಾಟಕರಂಗದಲ್ಲಿ ಸಾಧ್ಯವೇ ಇಲ್ಲದ ಅದ್ಭುತಗಳನ್ನು ಚಲನಚಿತ್ರ ತೋರಿಸಬಲ್ಲುದೆಂಬುದು ಆತನ ಮಾತಿನ ಸಾರ. ಆ ಮಾತು ಅವಳ ಮನಸ್ಸಿನಲ್ಲಿ ನಾಟಿತು. ತಂದೆತಾಯಿಗಳನ್ನು ಒಪ್ಪಿಸಿ, ವೆಗೆನರ್ ಇದ್ದ ಮ್ಯಾಕ್ಸ್ ರೈನ್‌ಹಾರ್ಟ್ ನಾಟಕ ಸಂಸ್ಥೆಯ ಶಾಲೆಯನ್ನು ಸೇರಿದಳು. ರಂಗದ ಪಕ್ಕದಲ್ಲಿ ನಿಂತು, ಆಡುತ್ತಿದ್ದ ನಟರ ಭಂಗಿಗಳನ್ನು ಕಾಗದದಲ್ಲಿ ಕತ್ತರಿಸತೊಡಗಿದಳು. ನಟರು ತಮ್ಮನ್ನೇ ಆ ಕಪ್ಪು ಆಕೃತಿಗಳಲ್ಲಿ ಕಂಡು ಹಿಗ್ಗಿದರು. ವೆಗೆನರನ ಕಣ್ಣೂ ಅವಳ ಮೇಲೆ ಬಿತ್ತು.

1918ರಲ್ಲಿ ವೆಗೆನರ್ ‘ಹ್ಯಾಮೆಲಿನ್ನಿನ ಕಿಂದರಿಜೋಗಿ’ಯ ಕಥೆಯನ್ನು ಚಲನಚಿತ್ರವಾಗಿ ತೆಗೆದ. ಇಲಿಗಳ ದಂಡು ಊರಿನ ಬೀದಿಯಲ್ಲಿ ಜೋಗಿಯ ಹಿಂದೆ ಸಾಲುಗಟ್ಟಿ ನಡೆಯಬೇಕಲ್ಲವೆ? ಜೀವಂತ ಪ್ರಾಣಿಗಳು ನಿರ್ದೇಶಕನ ಮಾತಿಗೆ ಕಿವಿಗೊಡಲಿಲ್ಲ. ಬಿಟ್ಟೊಡನೆ ದಿಕ್ಕಾಪಾಲಾಗಿ ಓಡಿದವು. ಕೊನೆಗೆ ಮರದ ಇಲಿಗಳನ್ನು ಮಾಡಿಸಿ, ಒಂದೊಂದನ್ನೂ ಒಂದಿಷ್ಟು ಸರಿಸಿ ಒಂದೊಂದು ಚಿತ್ರ ತೆಗೆಯುವ ಉಪಾಯ ಹೂಡಬೇಕಾಯಿತು. ಆ ಕೆಲಸದಲ್ಲಿ ಕೈಗೂಡಿಸಿದವರಲ್ಲಿ ರೈನಿಗರ್ ಒಬ್ಬರು. ಕುವೆಂಪು ಅವರ ಕಿಂದರಿಜೋಗಿಯಿಂದ ಕನ್ನಡದ ಮಕ್ಕಳಿಗೆಲ್ಲ ಪರಿಚಿತವಾದ ಆ ಇಲಿಗಳೇ ಆಕೆಗೆ ಅನಿಮೇಷನ್ನಿನ ಮೊದಲ ಪಾಠ ಕಲಿಸಿದವೆಂಬುದು ಸ್ವಾರಸ್ಯದ ಸಂಗತಿ.

ಮರುವರ್ಷ ವೆಗೆನರ್ ಆಕೆಯನ್ನು ಬರ್ಲಿನ್ನಿನ ಒಂದು ಪ್ರಯೋಗಶೀಲ ಚಿತ್ರಸಂಸ್ಥೆಗೆ ಪರಿಚಯಿಸಿದ. 1919ರಲ್ಲಿ ರೈನಿಗರ್ ಅವರ ಮೊದಲ ಕಿರುಚಿತ್ರ ಹೊರಬಂದಿತು. ಕಾರ್ಲ್ ಕಾಖ್ ಎಂಬ ತರುಣನ ಭೇಟಿಯಾದದ್ದೂ ಅಲ್ಲಿಯೇ. 1921ರಲ್ಲಿ ಇಬ್ಬರೂ ವಿವಾಹವಾದರು. ಅಲ್ಲಿಂದ ಮುಂದೆ ನಾಲ್ಕು ದಶಕಗಳ ಕಾಲ ರೈನಿಗರ್ ಅವರ ಗೊಂಬೆಗಳ ಮೇಲಿನ ಕ್ಯಾಮೆರಾವನ್ನು ನೋಡಿಕೊಂಡವರು ಮುಖ್ಯವಾಗಿ ಕಾಖ್. ಸಿಂಡ್ರೆಲಾಳ ಕಥೆ 1922ರಲ್ಲಿ ಛಾಯಾಚಿತ್ರವಾಯಿತು. ಅದೇ ವರ್ಷ ಮುಖಕ್ಕೆ ಹಚ್ಚುವ ನಿವಿಯಾ ಲೇಪನದ ಜಾಹೀರಾತಿಗಾಗಿಯೂ ಆಕೆ ಒಂದು ಚಿತ್ರ ಮಾಡಿದರು. ಹೊಟ್ಟೆಯ ಪಾಡು ನಡೆಯಬೇಕಾದರೆ ಕಲಾವಿದರು ಇಂಥ ಕೆಲಸವನ್ನೂ ಮಾಡಬೇಕಾಗುತ್ತದೆ.

ಆಕೆಯ ವಿಧಾನವನ್ನು ಸ್ವಲ್ಪ ವಿವರವಾಗಿಯೇ ತಿಳಿಯುವುದು ಒಳ್ಳೆಯದು. ಗಾಜಿನ ಹಲಗೆಯನ್ನು ಹಾಸಿದ ಒಂದು ಮೇಜು. ಗಾಜಿನ ಕೆಳಗೆ ದೀಪ. ಮೇಲೆ, ನೆತ್ತಿಗೆ ಸರಿಯಾಗಿ, ಕೆಳಮುಖವಾಗಿ ನಿಲ್ಲಿಸಿದ ಕ್ಯಾಮೆರಾ. ಗಾಜಿನ ಮೇಲೆ ಗೊಂಬೆಯನ್ನು ಮಲಗಿಸಿದರೆ ಬೆಳಕು ಅದರ ಸುತ್ತಲಿಂದ ಮೇಲಕ್ಕೆ ಬಂದು ಗೊಂಬೆ ಅಚ್ಚಗಪ್ಪಾಗಿ ಕಾಣುತ್ತದೆ. ಗೊಂಬೆ ಒಂದೇ ತುಂಡಿನದಲ್ಲ. ತಲೆ, ಕತ್ತು, ಎದೆ, ಸೊಂಟ, ತೋಳು, ಮುಂಗೈ, ತೊಡೆ, ಮೊಣಕಾಲಿನ ಕೆಳಭಾಗ, ಪಾದ ಎಲ್ಲವೂ ಬೇರೆ ಬೇರೆಯಾಗಿ ಕತ್ತರಿಸಿದ ಕಪ್ಪು ರಟ್ಟು. ಅಲ್ಲಲ್ಲಿ ತೆಳುವಾದ ಸೀಸದ ತಗಡು. ಸೀಸದ ಭಾರದಿಂದ ಗೊಂಬೆ ಗಾಜಿನ ಮೇಲೆ ಅಂಟಿದಂತೆ ಚಪ್ಪಟೆಯಾಗಿ ಮಲಗುತ್ತದೆ, ಅಲುಗುವುದಿಲ್ಲ. ಈ ಭಾಗಗಳನ್ನು ಸಣ್ಣ ತಂತಿಯಿಂದ ಕೀಲುಗಳಂತೆ ಜೋಡಿಸಬೇಕು. ಪಾತ್ರವು ತೆರೆಯ ಮೇಲೆ ಹತ್ತಿರದಿಂದ ಕಾಣಬೇಕಾದರೆ ಅದೇ ಪಾತ್ರದ ದೊಡ್ಡ ಗೊಂಬೆಯನ್ನು ಹೊಸದಾಗಿ ಮಾಡಬೇಕು. ಹಿನ್ನೆಲೆಯ ಬೆಟ್ಟ, ಅರಮನೆ, ಮರಗಳಿಗೆ ಬೆಳಕು ತೂರುವ ತೆಳುಕಾಗದ. ಒಂದರ ಮೇಲೆ ಒಂದು ಕಾಗದ ಹಾಕಿದಷ್ಟೂ ಛಾಯೆ ಗಾಢವಾಗುತ್ತದೆ. ಒಂದೇ ಪದರ ಉಳಿದಲ್ಲಿ ದೂರದ ಮಂಜಿನಂತೆ ತಿಳಿಯಾಗುತ್ತದೆ. ಹೀಗೆ ಬಣ್ಣವಿಲ್ಲದೆಯೇ ಹತ್ತಿರ ದೂರಗಳ ಭ್ರಮೆಯನ್ನು ತರಬಹುದು.

ಈ ಕಲೆಯ ಕಷ್ಟ ಗೊಂಬೆ ಮಾಡುವುದರಲ್ಲಿ ಮುಗಿಯುವುದಿಲ್ಲ. ಛಾಯಾಕೃತಿಗೆ ಮುಖಭಾವವಿಲ್ಲ. ಕಣ್ಣೀರು ಕಾಣದು, ನಸುನಗೆ ಕಾಣದು. ದುಃಖಪಟ್ಟ ರಾಜಕುಮಾರಿಯ ದುಃಖವು ಬಾಗಿದ ಕತ್ತಿನಲ್ಲಿ, ಮೆಲ್ಲನೆ ಇಳಿಬಿದ್ದ ಬೆರಳುಗಳಲ್ಲಿ ಕಾಣಬೇಕು. ಮುದುಕನ ವಯಸ್ಸು ಅವನ ಹೆಜ್ಜೆಯ ಹಿಂಜರಿತದಲ್ಲಿ ತಿಳಿಯಬೇಕು. ಗೊಂಬೆಗಳು ಬಹುಮಟ್ಟಿಗೆ ಪಕ್ಕದಿಂದಲೇ ಕಾಣುವುದರಿಂದ ಮೂಗು, ಗಲ್ಲ, ಹಣೆಗಳ ಗೆರೆಯೊಂದೇ ಸಜ್ಜನನನ್ನೂ ಖಳನನ್ನೂ ಬೇರ್ಪಡಿಸಬೇಕು. ಆದುದರಿಂದ ರೈನಿಗರ್ ಪ್ರಾಣಿಗಳ ನಡಿಗೆಯನ್ನೂ ನರ್ತಕರ ಅಂಗಚಲನೆಯನ್ನೂ ದೀರ್ಘಕಾಲ ನಿಂತು ಗಮನಿಸುತ್ತಿದ್ದರು. ಆಕೆಯ ಚಿತ್ರಗಳಲ್ಲಿ ಒಂದು ಕೈ ಮೇಲೇಳುವ ರೀತಿಯನ್ನು ನೋಡಿದವರಿಗೆ, ಅದು ಸೀಸವೂ ಕಾಗದವೂ ಎಂಬುದು ಮರೆತುಹೋಗುತ್ತದೆ. ಈ ಗುಣದಲ್ಲಿ ಆಕೆಯನ್ನು ಮೀರಿಸಿದವರು ಇಂದಿಗೂ ಇಲ್ಲವೆಂದೇ ಹೇಳಬೇಕು.

1923ರಲ್ಲಿ ಜರ್ಮನಿಯ ಆರ್ಥಿಕ ಸ್ಥಿತಿ ಕುಸಿದು ಬಿದ್ದಿತ್ತು. ಬೆಳಗಿನ ರೊಟ್ಟಿಯ ಬೆಲೆ ಸಂಜೆಗೆ ಇರುತ್ತಿರಲಿಲ್ಲ. ಆ ವರ್ಷದ ನವೆಂಬರ್ ತಿಂಗಳಿನಲ್ಲಿ ಅಮೆರಿಕದ ಒಂದು ಡಾಲರಿಗೆ 4.2 ಲಕ್ಷ ಕೋಟಿ ಮಾರ್ಕುಗಳನ್ನು ಕೊಡಬೇಕಾಗಿತ್ತು. ಹಣವನ್ನು ಹಣವಾಗಿ ಇಟ್ಟುಕೊಂಡರೆ ಅದು ಕಸಕ್ಕೆ ಸಮ. ಆದುದರಿಂದ ಉಳ್ಳವರು ಹಣಕ್ಕೆ ಬದಲಾಗಿ ಏನಾದರೊಂದು ಸರಕನ್ನು ಕೊಂಡಿಡುತ್ತಿದ್ದರು. ಲೂಯಿ ಹಾಗೆನ್ ಎಂಬ ಬ್ಯಾಂಕರ್ ಹೀಗೆ ಕೊಂಡ ಸರಕುಗಳಲ್ಲಿ ರಾಶಿರಾಶಿ ಕಚ್ಚಾ ಫಿಲ್ಮೂ ಸೇರಿತ್ತು. ಅದನ್ನು ಏನು ಮಾಡುವುದು? ಛಾಯಾಚಿತ್ರಗಳ ಈ ತರುಣಿಯನ್ನು ಆತ ಬಲ್ಲ. ಒಂದು ದೀರ್ಘ ಚಿತ್ರವನ್ನೇ ಏಕೆ ಮಾಡಬಾರದು ಎಂದು ಆತ ಕೇಳಿದ. ಆ ಕಾಲದಲ್ಲಿ ಅನಿಮೇಷನ್ ಎಂದರೆ ಹತ್ತು ನಿಮಿಷ ನಗಿಸುವ ಸರಕು. ಒಂದು ಗಂಟೆಯ ಕಾಲ ಪ್ರೇಕ್ಷಕರು ಕುಳಿತು ನೋಡುತ್ತಾರೆಂದು ನಂಬಿದವರು ವಿರಳ. ರೈನಿಗರ್ ಹಿಂದೆಮುಂದೆ ನೋಡಿದರೂ ಕೊನೆಗೆ ಒಪ್ಪಿಕೊಂಡರು.

ಬರ್ಲಿನ್ನಿನ ಸಮೀಪದ ಪಾಟ್ಸ್‌ಡಾಮಿನಲ್ಲಿ ಹಾಗೆನ್ ಅವರ ಮನೆ. ಮನೆಯ ಪಕ್ಕದಲ್ಲಿ ಕಾರು ನಿಲ್ಲಿಸುವ ಗ್ಯಾರೇಜು. ಗ್ಯಾರೇಜಿನ ಮೇಲಿನ ತಗ್ಗಾದ ಅಟ್ಟವೇ ಚಿತ್ರಶಾಲೆಯಾಯಿತು. ಅಲ್ಲಿ 1923ರಿಂದ 1926ರವರೆಗೆ ಕೆಲಸ ನಡೆಯಿತು. ಕಾಖ್ ಕ್ಯಾಮೆರಾ ಹಿಡಿದರು. ವಾಲ್ಟರ್ ರುಟ್‌ಮನ್ ಮಾಯಾದೃಶ್ಯಗಳ ಬೆಂಕಿ, ಹೊಗೆ, ಬೆಳಕಿನ ಸುಳಿಗಳನ್ನು ಸೃಷ್ಟಿಸಿದ. ಬರ್ಥೋಲ್ಡ್ ಬಾರ್ಟೋಶ್ ಸಮುದ್ರದ ಅಲೆಗಳನ್ನು ರೂಪಿಸಿದ. ಇನ್ನಿಬ್ಬರು ಸಹಾಯಕರಿದ್ದರು. ವುಲ್ಫ್‌ಗ್ಯಾಂಗ್ ಜೆಲ್ಲರ್ ಎಂಬ ಸಂಗೀತಗಾರ ಚಿತ್ರಕ್ಕೆಂದೇ ವಾದ್ಯಮೇಳದ ಸಂಗೀತವನ್ನು ರಚಿಸಿದ. ದೂರ ಸಮೀಪಗಳ ಭ್ರಮೆಗಾಗಿ ಒಂದರ ಮೇಲೊಂದರಂತೆ ಹಲವು ಗಾಜುಗಳನ್ನು ಅಂತರ ಬಿಟ್ಟು ಜೋಡಿಸಿ, ಒಂದರ ಮೇಲೆ ಗೊಂಬೆಯನ್ನೂ ಮತ್ತೊಂದರ ಮೇಲೆ ಹಿನ್ನೆಲೆಯನ್ನೂ ಇರಿಸುವ ಏರ್ಪಾಡನ್ನೂ ಅಲ್ಲಿ ಬಳಸಿದರು. ಡಿಸ್ನಿಯ ಸಂಸ್ಥೆ ಇದೇ ತತ್ತ್ವದ ದೊಡ್ಡ ಯಂತ್ರವೊಂದನ್ನು 1937ರಲ್ಲಿ ಬಳಕೆಗೆ ತಂದು ಲೋಕಪ್ರಸಿದ್ಧವಾಯಿತು; ಅಟ್ಟದ ಮೇಲಿನ ಮೇಜು ಮಾತ್ರ ಯಾರ ಕಣ್ಣಿಗೂ ಬೀಳಲಿಲ್ಲ.

ಚಿತ್ರದ ಕಥೆಯನ್ನು ರೈನಿಗರ್ ಅರೇಬಿಯದ ‘ಸಾವಿರದ ಒಂದು ರಾತ್ರಿಗಳು’ ಸಂಪುಟದ ಹಲವು ಕಥೆಗಳಿಂದ ಆಯ್ದು ಹೆಣೆದರು. ಮಾಂತ್ರಿಕನೊಬ್ಬ ಹಾರುವ ಕುದುರೆಯನ್ನು ಸೃಷ್ಟಿಸಿ ಖಲೀಫನ ಆಸ್ಥಾನಕ್ಕೆ ತರುತ್ತಾನೆ. ರಾಜಕುಮಾರ ಅಖ್ಮೆದ್ ಅದನ್ನೇರಿ ಮುಗಿಲಿಗೆ ಹಾರುತ್ತಾನೆ. ಇಳಿಯುವ ಕೀಲು ತಿಳಿಯದೆ ದೂರದ ದ್ವೀಪವೊಂದಕ್ಕೆ ಹೋಗಿ ಪೆರಿಬಾನು ಎಂಬ ಸುಂದರಿಯನ್ನು ಕಾಣುತ್ತಾನೆ. ಅಲ್ಲಾವುದ್ದೀನನೂ ಅವನ ದೀಪವೂ ನಡುವೆ ಬಂದು ಸೇರುತ್ತವೆ. ಕೊನೆಯಲ್ಲಿ ಉರಿಯುವ ಬೆಟ್ಟದ ಮುದುಕಿ ಮಾಟಗಾತಿಗೂ ಆ ಮಾಂತ್ರಿಕನಿಗೂ ಘೋರವಾದ ಕಾಳಗ ನಡೆಯುತ್ತದೆ. ಅವನು ಸಿಂಹವಾದರೆ ಅವಳು ಮತ್ತೊಂದಾಗುತ್ತಾಳೆ. ಹಾವು, ಚೇಳು, ಹುಂಜ, ಮೀನುಗಳಾಗಿ ಇಬ್ಬರೂ ಕಣ್ಣೆವೆ ಇಕ್ಕುವಷ್ಟರಲ್ಲಿ ರೂಪ ಬದಲಿಸುತ್ತ ಕಾದಾಡುತ್ತಾರೆ.

ಇಲ್ಲಿ ಲೇಖಕಿಯಾಗಿ ರೈನಿಗರ್ ತೋರಿದ ವಿವೇಚನೆಯನ್ನು ಗಮನಿಸಬೇಕು. ಅದು ಮೂಕಿಚಿತ್ರಗಳ ಕಾಲ, ಪಾತ್ರಗಳಿಗೆ ಮಾತಿಲ್ಲ. ಮಾತೂ ಇಲ್ಲದೆ ಮುಖವೂ ಕಾಣದೆ ಇರುವಾಗ, ಮನೆಯೊಳಗೆ ಕುಳಿತು ವಾದ ಮಾಡುವ ಜನರ ಕಥೆಯನ್ನು ಹೇಳಲಾಗದು. ಆಕಾರವೇ ಕಥೆಯನ್ನು ಹೇಳಬೇಕು. ಒಂದು ಆಕಾರ ಮತ್ತೊಂದು ಆಕಾರವಾಗುವ ಕಥೆಗಳು, ಹಾರುವ ಕುದುರೆ, ಬೂಟು ತೊಟ್ಟ ಬೆಕ್ಕು, ಕೊಕ್ಕರೆಯಾದ ಖಲೀಫ, ಇವು ಕತ್ತರಿಗೆ ಹೇಳಿಮಾಡಿಸಿದಂಥವು. ನಟರಿಂದಲೇ ಆಡಿಸಬಹುದಾದ ಕಥೆಗೆ ಗೊಂಬೆಗಳೇಕೆ ಎಂಬುದು ಆಕೆಯ ನಿಲುವಾಗಿತ್ತು. ಇಂಥ ಅದ್ಭುತ ಕಥೆಗೂ ದೇಶದ ಇಂದಿನ ಸ್ಥಿತಿಗೂ ಏನು ಸಂಬಂಧ ಎಂದು ಜೊತೆಗಾರ ರುಟ್‌ಮನ್ ಒಮ್ಮೆ ಕೇಳಿದನಂತೆ. ಏನೂ ಇಲ್ಲ, ನಾನು ಇಂದು ಬದುಕಿದ್ದೇನೆ, ಮಾಡಬೇಕೆನಿಸಿದ್ದನ್ನು ಮಾಡುತ್ತಿದ್ದೇನೆ ಎಂಬ ಅರ್ಥದ ಉತ್ತರ ಬಂದಿತಂತೆ.

ಮೂರು ವರ್ಷಗಳಲ್ಲಿ ಎರಡು ಲಕ್ಷಕ್ಕೂ ಹೆಚ್ಚು ಬಿಡಿಚಿತ್ರಗಳನ್ನು ತೆಗೆಯಲಾಯಿತು. ಅವುಗಳಲ್ಲಿ ಸುಮಾರು 96,000 ಮಾತ್ರ ಪೂರ್ಣಗೊಂಡ ಚಿತ್ರದಲ್ಲಿ ಉಳಿದವು. ದೃಶ್ಯದ ಭಾವಕ್ಕೆ ತಕ್ಕಂತೆ ಫಿಲ್ಮಿಗೆ ನೀಲಿ, ಹಳದಿ, ಕಿತ್ತಳೆ ಮೊದಲಾದ ವರ್ಣಗಳ ಲೇಪ ಕೊಟ್ಟರು. ಎಲ್ಲ ಸಿದ್ಧವಾದ ಮೇಲೆ ಪ್ರದರ್ಶಿಸಲು ಚಿತ್ರಮಂದಿರದವರು ಮುಂದೆ ಬರಲಿಲ್ಲ. ಕೊನೆಗೆ 1926ರ ಮೇ 2ರ ಭಾನುವಾರ, ಬರ್ಲಿನ್ನಿನ ಫೋಕ್ಸ್‌ಬ್ಯೂನೆ ಎಂಬ ನಾಟಕಶಾಲೆಯಲ್ಲಿ ಗೆಳೆಯರ ನೆರವಿನಿಂದ ಅದನ್ನು ತೋರಿಸಿದರು. ನೋಡಿದವರು ಮೆಚ್ಚಿದರು. ಆ ವರ್ಷವೇ ಪ್ಯಾರಿಸ್ಸಿನಲ್ಲಿಯೂ ಚಿತ್ರ ಪ್ರದರ್ಶನಗೊಂಡಿತು. ಅಲ್ಲಿ ಅದರ ಪರವಾಗಿ ನಿಂತವನು ಮುಂದೆ ಫ್ರಾನ್ಸಿನ ಶ್ರೇಷ್ಠ ನಿರ್ದೇಶಕನೆಂದು ಹೆಸರಾದ ಝ್ಯಾಂ ರೆನ್ವಾರ್. ಆತ ರೈನಿಗರ್ ದಂಪತಿಗಳ ಜೀವದ ಗೆಳೆಯನಾದ.

ಈ ಯಶಸ್ಸಿನ ಅನಂತರ ಇಂಥ ಹತ್ತು ದೀರ್ಘ ಚಿತ್ರಗಳು ಆಕೆಯಿಂದ ಬರಬೇಕಾಗಿತ್ತು, ಒಂದೂ ಬರಲಿಲ್ಲ. ಕೈಯ ಕಸುಬಿನಲ್ಲಿ ಕೊರತೆಯಿರಲಿಲ್ಲ, ಉತ್ಸಾಹಕ್ಕೂ ಕೊರತೆಯಿರಲಿಲ್ಲ. ‘ಡಾಕ್ಟರ್ ಡೂಲಿಟಲ್’ ಎಂಬ ಪ್ರಾಣಿವೈದ್ಯನ ಕಥೆ 1928ರಲ್ಲಿ ಚಿತ್ರವಾಯಿತು. 1930ರ ದಶಕದಲ್ಲಿ ‘ಕಾರ್ಮೆನ್’, ‘ಪಾಪಗೆನೋ’ ಮೊದಲಾದ ಸೊಗಸಾದ ಕಿರುಚಿತ್ರಗಳು ಬಂದವು. ಆದರೆ ದೀರ್ಘ ಚಿತ್ರಕ್ಕೆ ಕತ್ತರಿಯೊಂದೇ ಸಾಲದು. ಮೂರು ವರ್ಷ ಯಾರೂ ಕದಲಿಸದ ಒಂದು ಮೇಜು, ಅಷ್ಟು ಕಾಲ ಊಟಕ್ಕೆ ಕೊರತೆಯಾಗದ ಒಂದು ಏರ್ಪಾಡು, ಜೊತೆಬಿಡದ ನಾಲ್ಕು ಸಂಗಾತಿಗಳು ಬೇಕು. 1933ರಲ್ಲಿ ಹಿಟ್ಲರನ ನಾಟ್ಸಿ ಪಕ್ಷ ಜರ್ಮನಿಯ ಅಧಿಕಾರವನ್ನು ಹಿಡಿಯಿತು. ರೈನಿಗರ್ ಮತ್ತು ಕಾಖ್ ಯೆಹೂದಿಗಳಲ್ಲ. ಆದರೆ ಅವರ ಆಪ್ತರಲ್ಲಿ ಅನೇಕರು ಯೆಹೂದಿಗಳು, ಅವರ ವಿಚಾರಗಳೂ ಹೊಸ ಆಳ್ವಿಕೆಗೆ ಒಗ್ಗುವಂಥವಲ್ಲ. ಆ ದಶಕದ ನಡುವಿನಲ್ಲಿ ಇಬ್ಬರೂ ತಾಯ್ನಾಡನ್ನು ತೊರೆದರು.

ಯಾವ ದೇಶವೂ ಅವರಿಗೆ ಶಾಶ್ವತವಾಗಿ ನೆಲೆಸಲು ಅನುಮತಿ ಕೊಡಲಿಲ್ಲ. ರಹದಾರಿಯ ಅವಧಿ ಮುಗಿದೊಡನೆ ಗಂಟುಮೂಟೆ ಕಟ್ಟಬೇಕು. ಇಂಗ್ಲೆಂಡು, ಫ್ರಾನ್ಸ್, ಇಟಲಿ ಎಂದು ಅವರು ಅಲೆದರು. ಹೋದಲ್ಲೆಲ್ಲ ಕತ್ತರಿ ಜೊತೆಗಿತ್ತು. ಹೋದಲ್ಲೆಲ್ಲ ಏನಾದರೊಂದು ಕೆಲಸ ಹುಟ್ಟುತ್ತಿತ್ತು. ರೆನ್ವಾರನ ‘ಲಾ ಮಾರ್ಸೆಯೇಜ್’ ಎಂಬ 1938ರ ಚಿತ್ರದಲ್ಲಿ ಬರುವ ನೆರಳಾಟದ ದೃಶ್ಯ ಆಕೆಯ ಕೈಯದು. ಬ್ರಿಟನ್ನಿನ ಅಂಚೆ ಇಲಾಖೆಯ ಚಿತ್ರಘಟಕಕ್ಕಾಗಿ, ಅಂಚೆ ಕಚೇರಿಯ ಉಳಿತಾಯ ಬ್ಯಾಂಕಿನ ಪ್ರಚಾರವನ್ನು ಯಕ್ಷಿಣಿಯ ಕಥೆಯಲ್ಲಿ ಅಡಗಿಸಿ ಒಂದು ಛಾಯಾಚಿತ್ರವನ್ನು ಮಾಡಿಕೊಟ್ಟರು. ಉಳಿತಾಯದ ಪುಸ್ತಕವೂ ಆ ಕತ್ತರಿಯ ಬಾಯಲ್ಲಿ ಮಾಯಾವಸ್ತುವಿನಂತೆ ಶೋಭಿಸಿತು. ಎರಡನೆಯ ಮಹಾಯುದ್ಧದ ಕಾಲದಲ್ಲಿ ದಂಪತಿಗಳು ರೋಮಿನಲ್ಲಿದ್ದರು. ಯುದ್ಧದ ಕೊನೆಯ ಘಟ್ಟದಲ್ಲಿ, ಕಾಯಿಲೆಬಿದ್ದ ತಾಯಿಯನ್ನು ನೋಡಿಕೊಳ್ಳಲು, ತೊರೆದುಬಂದಿದ್ದ ಬರ್ಲಿನ್ನಿಗೇ ಮರಳಬೇಕಾಯಿತು. ಬಾಂಬುಗಳ ಮಳೆಯ ನಡುವೆ, ತಾವು ಒಪ್ಪದ ಸರಕಾರದ ಕಣ್ಣಳತೆಯಲ್ಲಿ, ‘ಚಿನ್ನದ ಬಾತು’ ಎಂಬ ಮಕ್ಕಳ ಕಥೆಯ ಚಿತ್ರದ ಕೆಲಸ ಮಾಡಿದರು. 1945ರಲ್ಲಿ ಬರ್ಲಿನ್ನಿಗಾಗಿ ನಡೆದ ಕದನದಲ್ಲಿ ‘ಅಖ್ಮೆದ್’ ಚಿತ್ರದ ಮೂಲ ನೆಗೆಟಿವ್ ನಾಶವಾಯಿತು. ಮೂರು ವರ್ಷಗಳ ಬೆವರು ಬೂದಿಯಾಯಿತು; ಮಾಡಿದವರು ಜೀವಸಹಿತ ಉಳಿದರು.

1949ರಲ್ಲಿ ಅವರು ಲಂಡನ್ನಿಗೆ ಬಂದು ನೆಲೆಸಿದರು. ಆಗ ಆಕೆಗೆ ಐವತ್ತು ವರ್ಷ. ಅಲ್ಲಿ ಒದಗಿಬಂದ ಸಹಾಯವನ್ನು ಯಾರೂ ಊಹಿಸಿರಲಿಲ್ಲ. ಪಾಟ್ಸ್‌ಡಾಮಿನ ಬ್ಯಾಂಕರ್ ಹಾಗೆನ್ ಅವರದು ಯೆಹೂದಿ ಮನೆತನ. ಅಪ್ಪನ ಹೆಸರನ್ನೇ ಇಟ್ಟುಕೊಂಡಿದ್ದ ಮಗ ಲೂಯಿ, ಗ್ಯಾರೇಜಿನ ಅಟ್ಟದ ಮೇಲೆ ಕಾಗದದ ಕುದುರೆ ಹಾರುವುದನ್ನು ಏಳೆಂಟು ವರ್ಷದ ಹುಡುಗನಾಗಿ ಕಂಡವನು. ನಾಟ್ಸಿಗಳ ವಿಷಯವಾಗಿ ಕಾಗದವೊಂದರಲ್ಲಿ ಹಾಸ್ಯದ ಮಾತು ಬರೆದನೆಂಬ ತಪ್ಪಿಗೆ ಹದಿಹರೆಯದಲ್ಲಿಯೇ ಅವನನ್ನು ಸೆರೆಶಿಬಿರಕ್ಕೆ ನೂಕಿದ್ದರು. ಸಹಪಾಠಿಯೊಬ್ಬನ ತಂದೆಯ ಪ್ರಭಾವದಿಂದ ಬಿಡುಗಡೆ ಹೊಂದಿ ಅವನು ಇಂಗ್ಲೆಂಡಿಗೆ ಪಾರಾದ; ಬ್ರಿಟಿಷ್ ಸೇನೆಯನ್ನು ಸೇರಿ 1944ರಲ್ಲಿ ಹಾಲೆಂಡಿನ ಆರ್ನೆಮ್ ಯುದ್ಧದಲ್ಲಿ ಹೋರಾಡಿದ. ಈ ತರುಣನೇ ಈಗ ಪ್ರಿಮ್‌ರೋಸ್ ಎಂಬ ಚಿತ್ರಸಂಸ್ಥೆಯನ್ನು ಕಟ್ಟುವುದರಲ್ಲಿ ರೈನಿಗರ್ ಅವರ ಜೊತೆಗೆ ನಿಂತ. ತಂದೆ ಕೊಟ್ಟಿದ್ದ ಮೂರು ವರ್ಷಗಳ ಆಸರೆಯನ್ನು ಮಗ ಮತ್ತೊಂದು ದೇಶದಲ್ಲಿ, ಮತ್ತೊಂದು ರೀತಿಯಲ್ಲಿ ಮುಂದುವರಿಸಿದ.

ಆ ಹೊತ್ತಿಗೆ ಮನೆಮನೆಗೆ ದೂರದರ್ಶನ ಬರುತ್ತಿತ್ತು. ಅದಕ್ಕೆ ಬೇಕಾದದ್ದು ಹತ್ತು ನಿಮಿಷಗಳ ಮಕ್ಕಳ ಚಿತ್ರಗಳು. 1953ರಿಂದ 1955ರವರೆಗಿನ ಅಲ್ಪಕಾಲದಲ್ಲಿ ರೈನಿಗರ್ ಹನ್ನೆರಡಕ್ಕೂ ಹೆಚ್ಚು ಕಿರುಚಿತ್ರಗಳನ್ನು ರಚಿಸಿ ನಿರ್ದೇಶಿಸಿದರು. ಹೆಬ್ಬೆರಳಷ್ಟೇ ಎತ್ತರದ ಹುಡುಗಿ, ಬೂಟು ತೊಟ್ಟ ಬೆಕ್ಕು, ಮಿಡತೆ ಮತ್ತು ಇರುವೆ, ಕೊಕ್ಕರೆಯಾದ ಖಲೀಫ, ಹಾನ್ಸೆಲ್ ಮತ್ತು ಗ್ರೆಟೆಲ್, ಎಲ್ಲರೂ ಆ ಗಾಜಿನ ಮೇಜಿನ ಮೇಲೆ ನಡೆದಾಡಿದರು. ‘ಧೀರ ದರ್ಜಿ’ ಎಂಬ ಚಿತ್ರಕ್ಕೆ 1955ರ ವೆನಿಸ್ ಉತ್ಸವದಲ್ಲಿ ಬೆಳ್ಳಿಯ ಡಾಲ್ಫಿನ್ ಪ್ರಶಸ್ತಿ ದೊರೆಯಿತು. ಈ ಕಿರುಚಿತ್ರಗಳಲ್ಲಿ ‘ಅಖ್ಮೆದ್’ ಚಿತ್ರದ ವೈಭವವಿಲ್ಲ; ಅವಸರದ ಗುರುತು ಅಲ್ಲಲ್ಲಿ ಕಾಣುತ್ತದೆ. ಆದರೂ ಬೆರಳುಗಳ ಆ ಮೆಲುನಡೆ, ಕತ್ತಿನ ಆ ಬಾಗು ಎಲ್ಲಿಯೂ ಮಾಸಿಲ್ಲ.

1963ರಲ್ಲಿ ಕಾಖ್ ತೀರಿಕೊಂಡರು. ಜೊತೆಗಾರನಿಲ್ಲದ ಮೇಜಿನ ಬಳಿಗೆ ಆಕೆ ಹಲವು ವರ್ಷ ಹೋಗಲಿಲ್ಲ. ಲೋಕವೂ ಆಕೆಯನ್ನು ಮರೆತಂತಿತ್ತು. 1970ರ ದಶಕದಲ್ಲಿ ಹಳೆಯ ಚಿತ್ರಗಳ ಮೇಲೆ ಹೊಸ ತಲೆಮಾರಿನ ಕಣ್ಣು ಬಿದ್ದು, ಉಪನ್ಯಾಸಕ್ಕೂ ಕಲಿಸುವುದಕ್ಕೂ ಆಕೆಗೆ ಕರೆಗಳು ಬಂದವು. ಜರ್ಮನಿ 1972ರಲ್ಲಿ ಚಲನಚಿತ್ರರಂಗದ ಚಿನ್ನದ ಗೌರವವನ್ನು ಸಲ್ಲಿಸಿತು. ಕೆನಡಾ ದೇಶದ ರಾಷ್ಟ್ರೀಯ ಚಿತ್ರಮಂಡಳಿಯ ಆಹ್ವಾನದ ಮೇಲೆ ಹೋಗಿ, ಎಪ್ಪತ್ತೈದನ್ನು ದಾಟಿದ ಆ ವೃದ್ಧೆ 1975ರಲ್ಲಿ ‘ಓಕಸಾನ್ ಮತ್ತು ನಿಕೊಲೆಟ್’ ಎಂಬ ಪ್ರೇಮಕಥೆಯ ಚಿತ್ರವನ್ನು ಮಾಡಿದರು. ಇದರಲ್ಲಿ ಕಪ್ಪು ಗೊಂಬೆಗಳ ಹಿಂದೆ ದಟ್ಟವಾದ ಬಣ್ಣಗಳಿವೆ. ಅಕ್ಕರೆಯ ಕೆಲಸ ಕೊನೆಯವರೆಗೂ ನಿಲ್ಲಲಿಲ್ಲ. 1981ರ ಜೂನ್ 19ರಂದು, ಜರ್ಮನಿಯ ಡೆಟೆನ್‌ಹೌಸನ್ ಎಂಬ ಊರಿನಲ್ಲಿ, ಎಂಬತ್ತೆರಡನೆಯ ವಯಸ್ಸಿನಲ್ಲಿ ಆಕೆ ನಿಧನರಾದರು.

‘ಅಖ್ಮೆದ್’ ಚಿತ್ರದ ಮೂಲ ನೆಗೆಟಿವ್ ಸುಟ್ಟುಹೋದರೂ ವಿದೇಶಗಳಿಗೆ ಹೋಗಿದ್ದ ಪ್ರತಿಗಳಲ್ಲಿ ವರ್ಣಲೇಪವಿದ್ದ ಒಂದು ಹಳೆಯ ಪ್ರತಿ ಬ್ರಿಟನ್ನಿನ ಚಲನಚಿತ್ರ ಭಂಡಾರದಲ್ಲಿ ಉಳಿದಿತ್ತು. ಅದರ ಆಧಾರದಿಂದ 1998-99ರಲ್ಲಿ ಜರ್ಮನಿಯ ಪರಿಣತರು ಚಿತ್ರವನ್ನು ಜೀರ್ಣೋದ್ಧಾರ ಮಾಡಿದರು; ಜೆಲ್ಲರನ ಸಂಗೀತವನ್ನೂ ಹೊಸದಾಗಿ ನುಡಿಸಿ ಮುದ್ರಿಸಿದರು. ಇಂದು ಆ ಚಿತ್ರವನ್ನು ನೋಡುವವರು ಹಾರುವ ಕುದುರೆಯನ್ನು 1926ರ ಆ ಭಾನುವಾರದಂದು ಕಂಡ ನೀಲಿ ಹಳದಿಗಳಲ್ಲಿಯೇ ಕಾಣಬಹುದು. ಟ್ಯೂಬಿಂಗೆನ್ ನಗರದ ವಸ್ತುಸಂಗ್ರಹಾಲಯದಲ್ಲಿ ರೈನಿಗರ್ ಅವರ ಗೊಂಬೆಗಳು ಗಾಜಿನ ಹಿಂದೆ ಚಪ್ಪಟೆಯಾಗಿ ಮಲಗಿವೆ.